ವಾರಕ್ಕೆ ನಾಲ್ಕು ಸಂಜೆ

ನಮ್ಮೂರಿನಲ್ಲಿ ಸ್ವಂತ ಮನೆ ಮಾಡಿಕೊಂಡವರು ಸೂರ್ಯ ಮುಳುಗುವುದನ್ನು ನೋಡುವುದಿಲ್ಲ. ನೋಡುವವರೆಲ್ಲ ನನ್ನಂಥ ಬಾಡಿಗೆಯವರು. ಊರು ಪಶ್ಚಿಮಕ್ಕೆ ಇಳಿಜಾರಾಗಿ ಒರಗಿಕೊಂಡಿದೆ. ಕೆಳಗೆ ಬತ್ತಿದ ಉಪ್ಪಿನ ಕೆರೆ, ಅದರಾಚೆ ಬರೀ ಬಯಲು. ಇಳಿಹೊತ್ತಿನ ಬಿಸಿಲು ಆ ಉಪ್ಪಿನ ಮೇಲೆ ಬಿದ್ದಾಗ ಇಡೀ ಕೆರೆ ಮೊದಲು ತಾಮ್ರದ ಪರಾತದಂತೆ, ಆಮೇಲೆ ದಾಳಿಂಬೆ ಬಿಡಿಸಿಟ್ಟಂತೆ ಕಾಣುತ್ತದೆ. ಹೆದ್ದಾರಿಯ ಲಾರಿಯವರು ಕೂಡ ಗಾಡಿ ನಿಲ್ಲಿಸಿ, ಕೈಯಲ್ಲಿನ ಚಹಾ ಆರಿದ್ದು ತಿಳಿಯದೆ ನಿಂತುಬಿಡುತ್ತಾರೆ. ಈ ನೋಟಕ್ಕಾಗಿಯೇ ಇಳಿಜಾರಿನ ಪ್ರತಿ ಮನೆಗೂ ಪಶ್ಚಿಮಕ್ಕೆ ಮುಖ ಮಾಡಿದ ಜಗುಲಿಯಿದೆ. ಜಗುಲಿ ಅಗಲವಾದಷ್ಟೂ ಮನೆಯ ಬೆಲೆ ಹೆಚ್ಚು. ಆ ಬೆಲೆಯನ್ನು ನಮ್ಮಲ್ಲಿ ಸಂಜೆಗಳಲ್ಲಿ ಕೊಡುತ್ತಾರೆ.

ಸೂರ್ಯನ ಅಂಚು ಕೆರೆಯ ಆಚೆ ದಂಡೆಗೆ ತಾಗಿತೆಂದರೆ, ಅಂದಿನ ಸಂಜೆ ಕೊಡಬೇಕಾದವರು ಇದ್ದಲ್ಲೇ ಕೂತುಬಿಡುತ್ತಾರೆ. ಕಣ್ಣು ತೆರೆದೇ ಇರುತ್ತದೆ, ಮಿಟುಕುವುದಿಲ್ಲ. ಉಸಿರಾಡುತ್ತಿರುತ್ತಾರೆ, ಕೂಗಿದರೆ ಕೇಳಿಸುವುದಿಲ್ಲ. ಎಣ್ಣೆಗಿರಣಿಯ ರಾತ್ರಿಯ ಸೈರನ್ ಆದಾಗ ಮೈಮುರಿದು ಎದ್ದು, ಎಲ್ಲಿ ಮಾತು ನಿಂತಿತ್ತೋ ಅಲ್ಲಿಂದಲೇ ಮುಂದುವರಿಸುತ್ತಾರೆ. ಊರು ಇದಕ್ಕೆ ಹೊಂದಿಕೊಂಡು ಎಷ್ಟೋ ಕಾಲವಾಯಿತು. ಸಂಜೆ ಕೊಡುವ ದಿನ ಇಳಿಹೊತ್ತಿನಲ್ಲಿ ಯಾರೂ ಒಲೆ ಹಚ್ಚುವುದಿಲ್ಲ. ಬಿಸಿಲು ಹಳದಿಯಾದ ಮೇಲೆ ಕ್ಷೌರದಂಗಡಿಯವರು ಗಿರಾಕಿಯನ್ನು ಕುರ್ಚಿಗೆ ಕರೆಯುವುದಿಲ್ಲ. ಮದುವೆ, ನಾಮಕರಣ, ಸೀಮಂತ ಎಲ್ಲ ಬೆಳಿಗ್ಗೆಯೇ ಮುಗಿಯುತ್ತವೆ.

ಹೀಗೆ ಕೂತವರನ್ನು ನೋಡಿಕೊಳ್ಳಲು ಹಿಂದಿನ ಓಣಿಯ ವಠಾರಗಳಿಂದ ನಾವು ಬಾಡಿಗೆಯವರು ಬೀಸಣಿಗೆ ಹಿಡಿದು ಬರುತ್ತೇವೆ. ಇದಕ್ಕೆ ಸಂಜೆ ಕಾಯುವುದು ಎನ್ನುತ್ತಾರೆ. ಕೆಲಸ ದೊಡ್ಡದಲ್ಲ. ಸೊಳ್ಳೆ ಓಡಿಸಬೇಕು, ಗಾಳಿ ಎದ್ದರೆ ಕಣ್ಣಿಗೆ ಉಪ್ಪಿನ ಧೂಳು ಬೀಳದಂತೆ ಬಟ್ಟೆ ಅಡ್ಡ ಹಿಡಿಯಬೇಕು, ಚಳಿಗಾಲದಲ್ಲಿ ಮೈಮೇಲೊಂದು ಚಾದರ ಹೊದಿಸಬೇಕು. ಸೈರನ್ ಆದ ಮೇಲೆ ಮನೆಯವರು ಚಹಾ ಮಾಡಿಕೊಡುತ್ತಾರೆ. ಇಳಿಜಾರಿನ ಬಸಣ್ಣೆವ್ವ ತನ್ನ ಮನೆಗಾಗಿ ವರ್ಷಗಟ್ಟಲೆ ವಾರಪೂರ್ತಿ ಸಂಜೆ ಕೊಟ್ಟವಳು. ಎದ್ದು ಕೂತ ಕೂಡಲೇ ನನ್ನನ್ನು ನೋಡಿ ಕೇಳುತ್ತಿದ್ದಳು: "ಏನವಾ ಮಾಸ್ತರಬಾಯಿ, ಸೂರ್ಯಾ ಇನ್ನೂ ಕೆಂಪನ ಅದಾನೋ, ಬಣ್ಣಾ ಗಿಣ್ಣಾ ಬದ್ಲಿ ಮಾಡ್ಯಾನೋ?"

ನಾನು ಇಲ್ಲಿನ ಕಾಲೇಜಿನಲ್ಲಿ ಭೌತಶಾಸ್ತ್ರ ಕಲಿಸುತ್ತೇನೆ. ಮದುವೆಯಾಗಲಿಲ್ಲ. ವಠಾರದಲ್ಲಿ ಒಂದೇ ಕೋಣೆ, ಅದರ ಕಿಟಕಿ ಪೂರ್ವಕ್ಕೆ. ನನ್ನ ಅಕ್ಕ ನೀಲವ್ವನೂ ಭಾವ ಶಿವಯೋಗಿಯೂ ಅದೇ ವಠಾರದಲ್ಲಿ ಗೋಡೆಯಾಚೆ ಇದ್ದರು. ಮಗಳು ಚಿತ್ಕಲಾ ಹುಟ್ಟಿದಾಗ ತೊಟ್ಟಿಲು ಕಟ್ಟಲು ಭಾವ ಗೋಡೆಗೊಂದು ಮೊಳೆ ಹೊಡೆದರು. ಸುತ್ತಿಗೆಯ ಸದ್ದು ಕೇಳಿ ಬಂದ ವಠಾರದ ಯಜಮಾನಿ, ಬಾಣಂತಿ ಮಲಗಿದ್ದಾಳೆ ಎನ್ನುವುದನ್ನೂ ನೋಡದೆ, ಆ ಮೊಳೆಯನ್ನು ತಾನೇ ಕಿತ್ತು ಕೈಯಲ್ಲಿ ಹಿಡಿದುಕೊಂಡು ಹೋದಳು. ಆ ದಿನದಿಂದ ಅಕ್ಕನಿಗೆ ಮೊಳೆ ಹೊಡೆಯಲು ತನ್ನದೇ ಒಂದು ಗೋಡೆ ಬೇಕಾಗಿತ್ತು.

ಮಗುವಿಗೆ ಎರಡು ವರ್ಷವಾದಾಗ ಇಳಿಜಾರಿನಲ್ಲಿ ಒಂದು ಮನೆ ಸಿಕ್ಕಿತು. ಗುಡ್ಡದ ಮೇಲಿನ ಮನೆಕಚೇರಿಗೆ ನಾನೂ ಜೊತೆಗೆ ಹೋದೆ. ಭಾವನ ಸಂಜೆಗಳನ್ನು ಗಿರಣಿಯ ಎರಡನೇ ಪಾಳಿ ಆಗಲೇ ತೆಗೆದುಕೊಂಡುಬಿಟ್ಟಿತ್ತು. ಹಾಗಾಗಿ ಕರಾರಿನ ಗುರುತಾಗಿ ಹೊಸ ಮನೆಯ ಹೊಸ್ತಿಲ ಮೇಲೆ ಹೆಜ್ಜೆ ಒತ್ತುವವಳು ಅಕ್ಕನೇ ಎಂದಾಗಿತ್ತು. ಹೆಜ್ಜೆ ಒತ್ತಿದವರ ಸಂಜೆಯಷ್ಟೇ ನಡೆಯುತ್ತದೆ. ನನ್ನವೂ ಒಂದೆರಡು ಹಿಡಿದುಕೊಳ್ಳಿ ಎಂದದ್ದಕ್ಕೆ ಕಚೇರಿಯ ಸಾಹೇಬರು ನಕ್ಕರು. "ಬಾಡಗಿಯವರ ಸಂಜಿ ನಮಗ್ಯಾಕ್ರೀ ಬಾಯಾರ, ಅವು ಗಟ್ಟಿ ಇರೂದಿಲ್ಲ" ಎಂದರು. ಆಮೇಲೆ ಅಕ್ಕನ ಕಡೆ ತಿರುಗಿ, ಈ ಊರಿನಲ್ಲಿ ಮನೆ ಕೊಳ್ಳುವವರಿಗೆ ಎಲ್ಲರೂ ಕೇಳುವ ಆ ಒಂದೇ ಪ್ರಶ್ನೆ ಕೇಳಿದರು: "ವಾರಕ್ಕೆಷ್ಟು?"

ವಾರಕ್ಕೆಷ್ಟು. ಬೀಗರು ಇದನ್ನೇ ಕೇಳುತ್ತಾರೆ, ನೆರೆಯವರು ಇದನ್ನೇ ಕೇಳುತ್ತಾರೆ. ಮೂರು ಎಂದರೆ ಪುಣ್ಯವಂತರು, ಆರು ಎಂದರೆ ಅಯ್ಯೋ ಪಾಪ. ಒಟ್ಟು ಎಷ್ಟು ಎಂದು ಕೇಳಿದವರನ್ನು ನಾನು ನೋಡಿಲ್ಲ. ಅಂಥ ಪ್ರಶ್ನೆ ಕೇಳುವುದು ಹಸಿ ಬಾಣಂತಿಯ ಮುಂದೆ ಸಾವಿನ ಮಾತಾಡಿದಂತೆ ಎಂದುಕೊಂಡಿದ್ದಾರೋ ಏನೋ.

ನಾನು ಕೇಳಿದೆ. ಮನೆಯ ಬೆಲೆ ಹೆಚ್ಚುಕಡಿಮೆ ಆರು ವರ್ಷದ ಸಂಜೆಗಳು. ವಾರಕ್ಕೆ ನಾಲ್ಕರಂತೆ ಕೊಟ್ಟರೆ ತೀರಲು ಇಪ್ಪತ್ತೈದು ವರ್ಷ ಬೇಕು. ಅಷ್ಟರಲ್ಲಿ ಹದಿನಾಲ್ಕು ವರ್ಷಕ್ಕೂ ಮಿಕ್ಕಿದ ಸಂಜೆಗಳು ಹೋಗಿರುತ್ತವೆ. ಐದರಂತೆ ಕೊಟ್ಟರೆ ಹದಿನೈದೇ ವರ್ಷಕ್ಕೆ ಮುಗಿಯುತ್ತದೆ, ಒಟ್ಟು ಹನ್ನೊಂದು ವರ್ಷದ ಸಂಜೆಗಳೂ ತುಂಬುವುದಿಲ್ಲ. ವಾರಕ್ಕೆ ಒಂದೇ ಒಂದು ಸಂಜೆಯ ವ್ಯತ್ಯಾಸ. "ಮೊದ್ಲಿನ ವರ್ಷ ಅಂತೂ ಏಳು ಸಂಜಿ ಕೊಟ್ರ ಆರು ಬಡ್ಡಿಗೇ ಹೋಗ್ತಾವ ಅಕ್ಕಾ. ಒಂದ ಮನಿಗೆ ಮುಟ್ಟತೈತಿ" ಎಂದೆ. ಸಾಹೇಬರು ಕಿಟಕಿಯ ಹೊರಗೆ ನೋಡುತ್ತ, "ಕಲ್ತವರು ಜೋಡಿ ಬಂದಾರ ಅಂತ ಗೊತ್ತಾತು ಬಿಡ್ರಿ" ಎಂದರು. ಅವರ ಕಿಟಕಿಯ ಮೇಲೆ ಆಗ ಸಂಜೆಯ ಬೆಳಕಿತ್ತು. ಕೆಳಗೆ ಊರಿನಲ್ಲಿ ಇನ್ನೂ ನಡುಮಧ್ಯಾಹ್ನ. ಗುಡ್ಡದ ಮೇಲೆ ಹೊತ್ತು ಬೇಗ ಇಳಿಯುತ್ತದೆ, ಮುಳುಗುವುದು ಮಾತ್ರ ಬಹಳ ತಡವಾಗಿ. ಊರು ಕೊಟ್ಟ ಸಂಜೆಗಳೆಲ್ಲ ಅಲ್ಲಿಗೇ ಹೋಗಿ ಸೇರುತ್ತವಂತೆ.

ಅಕ್ಕ ಸ್ವಲ್ಪ ಹೊತ್ತು ಬೆರಳು ಮಡಚಿದಳು. ಅವಳು ದಡ್ಡಿಯಲ್ಲ. ರವಿಕೆ ಹೊಲಿಯುವವಳು, ಗೇಣು ಬಟ್ಟೆ ಉಳಿಸುವುದರಲ್ಲಿ ಅವಳನ್ನು ಮೀರಿಸುವವರಿರಲಿಲ್ಲ. "ಐದು ಕೊಟ್ರ ಕೂಸಿಗೆ ಎರಡು ಸಂಜಿ ಉಳೀತಾವ. ನಾಕಾದ್ರ ಮೂರು. ಅಕಿ ಸಣ್ಣಾಕಿ ಇರೂದು ಈಗಲ್ಲೇನು, ಶಾಂಭವಿ? ಹದಿನೈದು ವರ್ಷಕ್ಕ ಉಳಿಸಿದ ಸಂಜಿ ತಗೊಂಡು ನಾ ಯಾರ್ನ ಆಡಿಸ್ಲಿ?" ನನ್ನ ಸೂತ್ರದಲ್ಲಿ ಎಲ್ಲ ಸಂಜೆಗಳೂ ಒಂದೇ ತೂಕದವು. ಅವಳ ತಕ್ಕಡಿಯಲ್ಲಿ ಅವು ಹಾಗಿರಲಿಲ್ಲ. "ನಾಕು" ಎಂದು ಅಕ್ಕ ಸಾಹೇಬರಿಗೆ ಹೇಳಿದಳು. ಮನೆಗೆ ಬಂದು, ಒದ್ದೆ ಕಾಲಿನಿಂದ ಹೊಸ್ತಿಲ ಮೇಲೆ ಹೆಜ್ಜೆ ಒತ್ತಿ, ಒಳಗೆ ಹೋಗಿ ಗೋಡೆಗೊಂದು ಮೊಳೆ ಹೊಡೆದಳು. ಅದಕ್ಕೆ ತೂಗುಹಾಕಲು ಅಂದು ಏನೂ ಇರಲಿಲ್ಲ. ಬರಿ ಮೊಳೆಯನ್ನೇ ನೋಡುತ್ತ ನಿಂತಳು.

ಸೋಮವಾರದಿಂದ ಗುರುವಾರದವರೆಗೆ ಅಕ್ಕ ಕೂರುತ್ತಿದ್ದಳು. ಕಾಯುವವಳು ನಾನು. ಮೊದಮೊದಲು ಮಗು ತಾಯಿಯ ಸೆರಗು ಜಗ್ಗಿ, ಗಲ್ಲ ತಿರುವಿ, ಬಿಕ್ಕಿ ಬಿಕ್ಕಿ ಅಳುತ್ತಿತ್ತು. ಕೆಲವು ವಾರಗಳಲ್ಲಿ ಅಳು ನಿಂತಿತು. ಮಕ್ಕಳು ಬೇಗ ಹೊಂದಿಕೊಳ್ಳುತ್ತವೆ, ಅದನ್ನು ನೋಡುವುದೇ ಕಷ್ಟ. ಅಕ್ಕನ ಕೈಗಳು ಮಡಿಲಲ್ಲಿ ಅಂಗೈ ಮೇಲಾಗಿ ಬಿದ್ದಿರುತ್ತಿದ್ದವು. ಚಿತ್ಕಲಾ ಆ ಅಂಗೈಗಳಲ್ಲಿ ಹುಣಸೆ ಬೀಜ, ಗಾಜಿನ ಬಳೆಯ ಚೂರು, ಸತ್ತ ಜೀರುಂಡೆ ಎಲ್ಲ ತಂದಿಟ್ಟು ಅಂಗಡಿ ಹೂಡುತ್ತಿದ್ದಳು. ದಾರಿಹೋಕರು ಯಾರಾದರೂ "ಅವ್ವ ಏನ್ ಮಾಡಾಕತ್ತಾಳ ಪುಟ್ಟಿ?" ಎಂದರೆ, "ಮನಿ ಕಟ್ಟಾಕತ್ತಾಳ, ಮಾತಾಡಸಬ್ಯಾಡ್ರಿ" ಎನ್ನುತ್ತಿದ್ದಳು. ಮೊದಲ ನಕ್ಷತ್ರವನ್ನು ನಾನು ತೋರಿಸಿದೆ. ಅದು ನಕ್ಷತ್ರವಲ್ಲ, ಶುಕ್ರಗ್ರಹ ಎಂದೂ ಹೇಳಿದೆ. ಅವಳು ಕೇಳಲಿಲ್ಲ. ದಿನವೂ ಅದಕ್ಕೆ ಕೈಬೀಸಿ "ಚಿಕ್ಕಿ ಬಂತು" ಎಂದು ಕೂಗುತ್ತಿದ್ದಳು. ಅವಳಿಗೇ ಆ ಹೆಸರು ನಿಂತಿತು. ನನ್ನನ್ನು ಮೌಶಿ ಎನ್ನುತ್ತಿದ್ದಳು.

ಶುಕ್ರವಾರ ಬಂದರೆ ಅಕ್ಕ ಬೇರೆಯೇ ಹೆಂಗಸು. ಮೂರು ಸಂಜೆಗಳಲ್ಲಿ ವಾರದ ತಾಯ್ತನವನ್ನೆಲ್ಲ ತುಂಬಲು ನೋಡುತ್ತಿದ್ದಳು. ಮೆಣಸಿನಕಾಯಿ ಬಜ್ಜಿ ಕರಿಯುವಳು, ಕಥೆ ಹೇಳುವಳು, ಕೆರೆಯ ದಂಡೆಗೆ ಕರೆದೊಯ್ಯುವಳು, ತಲೆ ಬಾಚಿ ಮತ್ತೆ ಬಿಚ್ಚಿ ಮತ್ತೆ ಬಾಚುವಳು. ಹುಡುಗಿ ಸುಸ್ತಾಗಿ ಒಮ್ಮೆ ಕೇಳಿಯೇಬಿಟ್ಟಳು: "ಅವ್ವಾ, ನಾಳೆ ಸ್ವಾಮಾರ ಏನ?" ಅಕ್ಕ ನಕ್ಕಳು. ಆ ನಗು ಮುಖದ ಮೇಲೆ ಬಹಳ ಹೊತ್ತು ಹಾಗೆಯೇ ಉಳಿದಿತ್ತು.

ಹತ್ತು ವರ್ಷ ತುಂಬಿದ ದಿನ ಅಕ್ಕ ಒಂದು ಡಬ್ಬಿ ಪೇಡೆ ಹಿಡಿದು ಗುಡ್ಡ ಹತ್ತಿದಳು. ಅರ್ಧದ ಹತ್ತಿರ ಬಂದಿರಬೇಕು, ಸಾಹೇಬರ ಬಾಯಿ ಸಿಹಿ ಮಾಡಿ ಬರುತ್ತೇನೆ ಎಂದಿದ್ದಳು. ಮಧ್ಯಾಹ್ನ ಡಬ್ಬಿಯ ದಾರ ಬಿಚ್ಚದೆ ಹಾಗೆಯೇ ತಂದು ನನ್ನ ಕೋಣೆಯ ಮೇಜಿನ ಮೇಲಿಟ್ಟಳು. "ಐದರೊಳಗ ನಾಕು ಪಾಲು ಇನ್ನೂ ಐತಂತ" ಎಂದಳು. ನಾನು ನೀರು ಕೊಟ್ಟೆ. ಕುಡಿಯಲಿಲ್ಲ. "ಹತ್ತು ವರ್ಷಕ್ಕ ಮನಿ ಬೆಲೆ ಅಷ್ಟೂ ಕೊಟ್ಟಂಗಾತಲ್ಲ. ಹಂಗಾರ ನಾ ಕುಂತಿದ್ದು ಯಾರ ಸಲುವಾಗಿ?"

"ಬಡ್ಡಿ ಅಕ್ಕಾ. ಅಸಲು ಕರಗೂದು ಕಡೀ ಕಡೀ ವರ್ಷದಾಗ. ಆವಾಗ ಹೇಳಿದ್ದೆ…"

"ಹೇಳಿದ್ದಿ ಖರೆ. ನಾ ಆವಾಗ ಮೊಳಿ ಎಲ್ಲಿ ಹೊಡೀಬೇಕಂತ ನೋಡಾಕತ್ತಿದ್ದೆ."

ಆ ರಾತ್ರಿ ಭಾವ ಪಾಳಿ ಮುಗಿಸಿ ಬಂದ ಮೇಲೆ ನಾಲ್ವರೂ ಊಟಕ್ಕೆ ಕೂತೆವು. ಹೀಗೇ ಹೋದರೆ ಮುಗಿಯುವಷ್ಟರಲ್ಲಿ ಚಿಕ್ಕಿಗೆ ಇಪ್ಪತ್ತೇಳು. ಅವಳು ಆಗ ಯಾರ ಮನೆಯಲ್ಲೋ, ಯಾವ ಊರಿನಲ್ಲೋ. ಈಗಿನಿಂದ ಹೆಚ್ಚಿಗೆ ಕೊಟ್ಟ ಪ್ರತಿ ಸಂಜೆಯೂ ನೇರ ಅಸಲಿಗೆ ಹೋಗುತ್ತದೆ, ಬಡ್ಡಿ ಅದನ್ನು ಮುಟ್ಟುವುದಿಲ್ಲ ಎಂದು ಸಾಹೇಬರು ಹೇಳಿದ್ದರಂತೆ. ವಾರಪೂರ್ತಿ ಏಳೂ ಕೊಟ್ಟರೆ ಆರೂವರೆ ವರ್ಷ ಎಂದು ನಾನು ಲೆಕ್ಕ ಹಾಕಿದೆ. ಭಾವ ಎಂದಿನಂತೆ ಕಡಿಮೆ ಮಾತಿನವರು. "ಮನಿ ವಾಪಸ್ ಕೊಟ್ಬಿಡೂಣು ನೀಲಾ. ವಠಾರದಾಗ ಸಾಯಾಕತ್ತಿರ್ಲಿಲ್ಲ ನಾವು" ಎಂದರು. "ಕೊಟ್ಟ ಸಂಜಿ ವಾಪಸ್ ಕೊಡ್ತಾರೇನು?" ಎಂದಳು ಅಕ್ಕ. ಅವಳು ಚಿಕ್ಕಿಯ ತಟ್ಟೆಗೆ ತನ್ನ ಪಾಲಿನ ಹೋಳು ಹಾಕುತ್ತ ಹೇಳಿದಳು: "ಏಳೂ ಕೊಡ್ತೀನಿ. ಅಕಿಗೆ ಹತ್ತೊಂಬತ್ತು ತುಂಬೂದ್ರಾಗ ಮುಗಸ್ತೀನಿ. ಆಮ್ಯಾಲೆ ದಿನಾ ಸಂಜಿ ನಾನೂ ನನ್ನ ಮಗಳು ಜಗಲಿ ಮ್ಯಾಲೆ ಕುಂತು ಮಾತಾಡತೀವಿ. ಶಾಂಭವಿ ಚಹಾ ಮಾಡ್ಲಿ." ಹನ್ನೆರಡು ವರ್ಷದ ಚಿಕ್ಕಿ ತಟ್ಟೆ ನೋಡುತ್ತ, "ಶುಕ್ರಾರನೂ ಇಲ್ಲೇನು?" ಎಂದಳು. "ಆರೂವರೆ ವರ್ಷಲ್ಲವಾ ಬಂಗಾರಿ, ಹಿಂಗಂದ್ರ ಹಿಂಗ ಹೊಕ್ಕಾವ."

ನನಗೆ ಅವು ಹಾಗೆ ಹೋಗಲಿಲ್ಲ. ಆ ವರ್ಷಗಳ ಒಂದೊಂದು ಸಂಜೆಯೂ ಇದ್ದಷ್ಟೇ ಉದ್ದವಾಗಿತ್ತು. ಅಕ್ಕನಿಗೆ ಮಾತ್ರ ಅವು ಇರಲೇ ಇಲ್ಲ. ಬೆಳಿಗ್ಗೆ ಮನೆಯಲ್ಲಿ ಡಬ್ಬಿ ಕಟ್ಟುವ, ರಿಬ್ಬನ್ ಹುಡುಕುವ ಗಡಿಬಿಡಿ. ಹಗಲೆಲ್ಲ ಶಾಲೆ, ಹೊಲಿಗೆ. ರಾತ್ರಿ ಸೈರನ್ ಆದ ಮೇಲೆ ಊಟ, ಓದು, ನಿದ್ದೆ. ಹುಡುಗಿಯೊಬ್ಬಳು ದಿನದ ಭಾರವನ್ನು ಇಳಿಸಿ ಕೂರುವ ಹೊತ್ತು ಯಾವುದೋ ಆ ಹೊತ್ತಿನಲ್ಲಿ ಅವಳ ತಾಯಿ ಕಣ್ಣು ತೆರೆದು ಕಲ್ಲಾಗಿರುತ್ತಿದ್ದಳು.

ಚಿಕ್ಕಿ ಆ ಕಲ್ಲಿನ ಜೊತೆಯೇ ಮಾತಾಡತೊಡಗಿದಳು. ಯಾವಾಗ ಶುರುವಾಯಿತೆಂದು ನೆನಪಿಲ್ಲ. ಅಕ್ಕನ ಎಡಕ್ಕೆ, ಜಗುಲಿಯ ಕಂಬಕ್ಕೆ ಬೆನ್ನು ಕೊಟ್ಟು ಕೂರುತ್ತಿದ್ದಳು. ಬೀಸಣಿಗೆಯನ್ನು ನನ್ನ ಕೈಯಿಂದ ಇಸಿದುಕೊಂಡು ತಾನೇ ಸೊಳ್ಳೆ ಓಡಿಸುವಳು. "ಮೌಶಿ, ನೀ ನಿನ್ನ ಪೇಪರ್ ನೋಡು. ನಮ್ಮ ಕಡೆ ಕಿವಿ ಕೊಡಬ್ಯಾಡ" ಎನ್ನುವಳು. ನಾನು ಮೂರು ಮೊಳ ದೂರ ಗೋಡೆಗೆ ಒರಗಿ ವಿದ್ಯಾರ್ಥಿಗಳ ಉತ್ತರ ತಿದ್ದುತ್ತ ಎಲ್ಲವನ್ನೂ ಕೇಳಿಸಿಕೊಳ್ಳುತ್ತಿದ್ದೆ. ಗಣಿತದಲ್ಲಿ ನಪಾಸಾದದ್ದು. ಗೆಳತಿ ಮಾತು ಬಿಟ್ಟದ್ದು. ಮೈನೆರೆದ ದಿನ ಹೊಟ್ಟೆ ಹಿಡಿದುಕೊಂಡು ಬಂದು, "ಅವ್ವಾ, ಎದ್ದೇಳ, ಇವತ್ತೊಂದಿನ ಎದ್ದೇಳ" ಎಂದು ತಾಯಿಯ ಭುಜ ಅಲ್ಲಾಡಿಸಿದ್ದು. ಸೈಕಲ್ ಚೈನು ಹಾಕಿಕೊಟ್ಟ ಹುಡುಗನ ಕೈಯ ಗ್ರೀಸು ತನ್ನ ನೋಟ್‌ಬುಕ್ಕಿಗೆ ಅಂಟಿದ್ದನ್ನು ಒರೆಸದೆ ಬಿಟ್ಟದ್ದು. ಒಂದು ದಿನ, ಯಾವುದಕ್ಕೆ ಸಿಟ್ಟೋ, ತಾಯಿಯ ಮುಖದ ಹತ್ತಿರ ಮುಖ ತಂದು, "ನನಗ ನಿನ್ನ ಮನಿ ಬ್ಯಾಡ. ನಾ ಕೇಳಿದ್ನೇನು?" ಎಂದು ಚೀರಿದ್ದು, ಆಮೇಲೆ ಅದೇ ಮಡಿಲಲ್ಲಿ ತಲೆಯಿಟ್ಟು, ಆ ಅಂಗೈಯನ್ನು ಎತ್ತಿ ತನ್ನ ತಲೆಯ ಮೇಲೆ ತಾನೇ ಇಟ್ಟುಕೊಂಡದ್ದು.

ಸೈರನ್ ಆಗುತ್ತಲೇ ಅವಳು ಒಳಗೆ ಎದ್ದು ಹೋಗುವಳು. ಅಕ್ಕ ಮೈಮುರಿದು, ಕಣ್ಣುಜ್ಜಿ, ದಿನವೂ ಕೇಳುತ್ತಿದ್ದಳು: "ಇವತ್ತು ಏನಂದ್ಲು?" ಯಾರಿಗೂ ಹೇಳುವುದಿಲ್ಲ, ನಡುವೆ ಬಾಯಿ ಹಾಕುವುದಿಲ್ಲ ಎಂದು ಚಿಕ್ಕಿ ನನ್ನಿಂದ ಆಣೆ ಮಾಡಿಸಿಕೊಂಡಿದ್ದಳು. "ಏನಿಲ್ಲ, ಓದ್ಕೋತ ಕುಂತಿದ್ಲು" ಎನ್ನುತ್ತಿದ್ದೆ. ಅಕ್ಕ ತನ್ನ ಮಡಿಲಿನ ಒದ್ದೆಯನ್ನು ಕೈಯಿಂದ ಸವರಿ ನೋಡಿ, ಏನೂ ಕೇಳದೆ ಚಹಾಕ್ಕಿಡಲು ಹೋಗುತ್ತಿದ್ದಳು. ಮಕ್ಕಳಿಲ್ಲದ ನನಗೆ ಆ ಸಂಜೆಗಳಲ್ಲಿ ಒಬ್ಬ ಮಗಳು ಸಿಕ್ಕಿದ್ದಳು ಎನ್ನುವುದು ಸುಳ್ಳಲ್ಲ. ಆದರೆ ಅವಳು ಮಾತಾಡುತ್ತಿದ್ದದ್ದು ನನ್ನ ಜೊತೆಗಲ್ಲ.

ಆ ನಡುವೆ ಅಕ್ಕನ ಪಕ್ಕದ ಬಸಣ್ಣೆವ್ವನ ಮನೆಯ ಸಾಲ ತೀರಿತು. ಸಂಜೆ ಕೊಡುವುದು ಮುಗಿದ ದಿನ ಕಾಯುವವರ ಬೀಸಣಿಗೆಯನ್ನು ಒಲೆಗೆ ಹಾಕಿ, ಅದರ ಉರಿಯಲ್ಲೇ ಚಹಾ ಕಾಸಿ ಕುಡಿಯುವುದು ನಮ್ಮಲ್ಲಿ ಪದ್ಧತಿ. ಅವಳೂ ಕಾಸಿ ಓಣಿಗೆಲ್ಲ ಹಂಚಿದಳು. ಮರುದಿನ ಬಿಸಿಲು ಕೆಂಪಾಗುವ ಹೊತ್ತಿಗೆ ನೋಡಿದರೆ ಮುದುಕಿ ಎಂದಿನ ಜಾಗದಲ್ಲಿ ಎಂದಿನಂತೆ ಅಲ್ಲಾಡದೆ ಕೂತಿದ್ದಳು. ಕಣ್ಣು ಮಿಟುಕುತ್ತಿದ್ದದ್ದೊಂದೇ ವ್ಯತ್ಯಾಸ. "ಯಾಕಬೇ, ಎದ್ದು ಅಡ್ಡಾಡ್ಬಾರ್ದೇನು?" ಎಂದೆ. "ಎದ್ದು ಏನ್ ಮಾಡ್ಬೇಕು ಅನ್ನೂದು ಮರ್ತೀನಿ ತಂಗಿ" ಎಂದಳು.

ಕೊನೆಯ ತಿಂಗಳುಗಳಲ್ಲಿ ಅಕ್ಕ ಹುಡುಗಿಯಂತಾದಳು. ಜಗುಲಿಗೆ ಹೊಸ ಸುಣ್ಣ ಬಳಿಸಿದಳು. ಇಬ್ಬರು ಕೂರುವಷ್ಟು ಅಗಲದ ಒಂದು ಜಮಖಾನೆ ತಂದಳು. ಸಂಜೆಗೆಂದು ಮಾತುಗಳನ್ನು ಕೂಡಿಡುತ್ತಿದ್ದಳು. "ಇದನ್ನ ಚಿಕ್ಕಿಗೆ ಹೇಳ್ಬೇಕು, ಆದ್ರ ಈಗ ಬ್ಯಾಡ, ಆವಾಗ ಹೇಳ್ತೀನಿ" ಎನ್ನುವಳು. ಅದೇ ದಿನಗಳಲ್ಲಿ ಒಂದು ಸಂಜೆ ಚಿಕ್ಕಿ ತಾಯಿಯ ಪಕ್ಕ ಕೂತು ಹೇಳಿದಳು: "ಅವ್ವಾ, ಉಪ್ಪಿನ ಕೆರಿ ಆಚಿ ದವಾಖಾನಿ ಸಾಲಿಯೊಳಗ ನನಗ ನರ್ಸ್ ಕಲಿಯಾಕ ಸೀಟ್ ಸಿಕ್ಕೈತಿ. ಬಸ್ಸಿನ್ಯಾಗ ಒಂದು ಹಗಲು. ಬರೂ ಹುಣ್ಣಿವಿ ಮುಂದ ಹೋಗ್ಬೇಕು. ನಾ ಹೊಂಟೀನಿ." ಬೀಸಣಿಗೆಯ ಗಾಳಿಗೆ ಅಕ್ಕನ ಹಣೆಯ ಕೂದಲು ಹಾರುತ್ತಿತ್ತು. ನಾನು ಆಣೆ ಮರೆತು, "ಇದನ್ನ ಹಗಲೊತ್ತಿನ್ಯಾಗ ಹೇಳ ಚಿಕ್ಕಿ" ಎಂದೆ. ಅವಳು ತಿರುಗದೆಯೇ ಅಂದಳು: "ಹಗಲೊತ್ತು ಅಕಿ ನನ್ನ ಮಾರಿ ನೋಡ್ತಾಳ, ಮೌಶಿ."

ಕೊನೆಯ ಸಂಜೆ ಬಂತು, ಹೋಯಿತು. ಸೈರನ್ ಆದೊಡನೆ ಅಕ್ಕ ಎದ್ದು ನನ್ನ ಕೈಯ ಬೀಸಣಿಗೆಯನ್ನು ಕಸಿದುಕೊಂಡು ಓಡಿದಳು. ಹಳೆಯ ತಾಳೆಗರಿ ಚಟಚಟನೆ ಉರಿಯಿತು. ಪಾಳಿ ಬಿಟ್ಟು ಬಂದ ಭಾವ ಅವಳ ಕೈಯಿಂದ ಚಹಾ ಇಸಿದುಕೊಂಡು, ಬೇರೆಯವರ ಮನೆಗೆ ಬಂದವರಂತೆ ಜಗುಲಿಯ ಅಂಚಿನಲ್ಲಿ ಕೂತು ಕುಡಿದರು. "ನಾಳಿಂದ ನೀ ಕಾಯೂದು ಬ್ಯಾಡ, ಸುಮ್ಮ ಬಾ. ಹೇಳ್ಕೋಳಾಕ ಬಾ, ಕೇಳಾಕ ಬಾ" ಎಂದು ಅಕ್ಕ ನನಗೆ ಹೇಳಿದಳು.

ಮರುದಿನ ಹೋದೆ. ಅಕ್ಕ ಹಸಿರು ಇಳಕಲ್ ಸೀರೆ ಉಟ್ಟಿದ್ದಳು. ತಟ್ಟೆಯ ತುಂಬ ಮೆಣಸಿನಕಾಯಿ ಬಜ್ಜಿ. ಸೂರ್ಯ ದಂಡೆಗೆ ತಾಗಿದಾಗ ಅವಳ ಮೈ ಒಮ್ಮೆ ಬಿಗಿಯಿತು. ಏನೂ ಆಗಲಿಲ್ಲ. ಕೆರೆ ತಾಮ್ರವಾಯಿತು, ದಾಳಿಂಬೆಯಾಯಿತು. ಆರೂವರೆ ವರ್ಷದ ನಂತರ ಅದನ್ನು ನೋಡಿದವಳು ಬಾಯಿಗೆ ಸೆರಗು ಒತ್ತಿಕೊಂಡಳು. "ಚಿಕ್ಕಿ, ನೋಡಲ್ಲೆ" ಎಂದಳು. ದಿನವೂ ಅದನ್ನು ನೋಡಿದ್ದ ಚಿಕ್ಕಿ, "ಹೂಂ" ಎಂದಳು. "ಬಜ್ಜಿ ತಗೋ." "ಒಂದ ಸಾಕವ್ವ." "ಸಣ್ಣಾಕಿ ಇದ್ದಾಗ ಎಂಟೆಂಟು ತಿಂತಿದ್ದಿ." "ಹೌದೇನು?" ಕಾಲೇಜು ಹೇಗಿದೆ ಎಂದು ಅಕ್ಕ ಕೇಳಿದಳು, ಚಲೋ ಐತಿ ಎಂದು ಚಿಕ್ಕಿ ಹೇಳಿದಳು. ಗೆಳತಿಯರು ಹೇಗಿದ್ದಾರೆ ಎಂದಳು, ಆರಾಮ ಅದಾರ ಎಂದಳು. ಬೀಗರ ಮನೆಗೆ ಮೊದಲ ಸಲ ಬಂದವರು ಹೀಗೆ ಮಾತಾಡುತ್ತಾರೆ. ಕೂಡಿಟ್ಟ ಮಾತುಗಳು ಅಕ್ಕನ ಬಾಯಿಗೆ ಬರಲಿಲ್ಲ. ಸೈರನ್ ಆದಾಗ ಮೂವರಿಗೂ ಒಂದು ಬಗೆಯ ಬಿಡುಗಡೆಯಾಯಿತು.

ಎರಡನೆಯ ಸಂಜೆಯೂ ಹಾಗೆ. ಮೂರನೆಯದೂ ಹಾಗೆ. ಒಳಗೆ ಮಂಚದ ಕೆಳಗೆ ಚಿಕ್ಕಿಯ ಟ್ರಂಕು ಆಗಲೇ ಅರ್ಧ ತುಂಬಿತ್ತು. ಅದು ನನಗೆ ಗೊತ್ತಿತ್ತು. ಹುಣ್ಣಿಮೆಗೆ ವಾರವೂ ಉಳಿದಿರಲಿಲ್ಲ. ಕೂಡಿಟ್ಟ ಮಾತುಗಳಿಗೆ ಅಕ್ಕನಿಗೆ ಉಳಿದಿದ್ದ ಸಂಜೆಗಳು ಅಷ್ಟೇ, ಅದು ಅವಳಿಗೆ ಗೊತ್ತಿರಲಿಲ್ಲ.

ನಾಲ್ಕನೆಯ ಸಂಜೆ ಗಾಳಿ ನಿಂತಿತ್ತು. ಚಿಕ್ಕಿ ಎಂದಿನಂತೆ ಎಡಕ್ಕೆ ಕಂಬಕ್ಕೊರಗಿ ಕೂತಳು. ಜಮಖಾನೆಯ ದಾರ ಎಳೆಯುತ್ತ ಬಹಳ ಹೊತ್ತು ಇದ್ದು, "ಅವ್ವಾ" ಎಂದಳು. ಅಕ್ಕ ತಟ್ಟನೆ ತಿರುಗಿದಳು. ಆ ಮುಖವನ್ನು ನಾನು ಮರೆಯಲಾರೆ. ಅಷ್ಟು ವರ್ಷಗಳ ಹಸಿವೆಲ್ಲ ಅದರ ಮೇಲೇ ಇತ್ತು. "ಏನವಾ? ಹೇಳವಾ. ಏನು?" ಚಿಕ್ಕಿಯ ಬಾಯಿ ತೆರೆದದ್ದು ಹಾಗೆಯೇ ಉಳಿಯಿತು. "ಏನಿಲ್ಲ ತಗೋ" ಎಂದು ತಲೆ ತಗ್ಗಿಸಿದಳು.

ಅಕ್ಕ ಮಗಳ ಬಗ್ಗಿದ ತಲೆಯನ್ನು ನೋಡಿದಳು. ಆಮೇಲೆ ನನ್ನನ್ನು ನೋಡಿದಳು. ನಾನು ಅವಳ ಕಣ್ಣು ತಪ್ಪಿಸಿದೆ, ಅಷ್ಟೇ ಸಾಕಾಯಿತೇನೋ. ಅವಳು ಮೆಲ್ಲಗೆ ಕೆರೆ ಕಡೆ ತಿರುಗಿದಳು. ಬೆನ್ನು ನೆಟ್ಟಗೆ ಮಾಡಿ, ಎರಡೂ ಕೈಗಳನ್ನು ಮಡಿಲಲ್ಲಿ ಅಂಗೈ ಮೇಲಾಗಿ ಇಟ್ಟುಕೊಂಡಳು. ತಾನು ಕೂತಾಗ ಹೇಗೆ ಕಾಣುತ್ತೇನೆಂದು ಅವಳು ಎಂದೂ ನೋಡಿದವಳಲ್ಲ. ಆದರೆ ಸಾವಿರಾರು ರಾತ್ರಿ ಆ ಕೈಗಳನ್ನು ಹಾಗೆಯೇ ಎಚ್ಚರಿಸಿ ಎತ್ತಿಕೊಂಡವಳು, ಮರೆಯುವುದು ಹೇಗೆ? ಕಣ್ಣನ್ನು ದಿಗಂತಕ್ಕೆ ನೆಟ್ಟು, ಮಿಟುಕುವುದನ್ನು ನಿಲ್ಲಿಸಿದಳು.

ಚಿಕ್ಕಿ ತಲೆಯೆತ್ತಿ ನೋಡಿದಳು. ಸ್ವಲ್ಪ ಹೊತ್ತು ನೋಡಿದಳು. ಕೆರೆಯ ಕೆಂಪು ಅಕ್ಕನ ಕಣ್ಣಿನಲ್ಲಿ ಅಲ್ಲಾಡದೆ ನಿಂತಿತ್ತು. ಹುಡುಗಿ ಮೊಣಕಾಲು ಮಡಚಿ, ಕಂಬಕ್ಕೆ ಬೆನ್ನು ಸರಿಮಾಡಿಕೊಂಡು, ಪ್ರತಿದಿನ ಶುರುಮಾಡುತ್ತಿದ್ದ ಅದೇ ಸಣ್ಣ ದನಿಯಲ್ಲಿ ಶುರುಮಾಡಿದಳು. "ಅವ್ವಾ, ನಿನಗೊಂದು ಹೇಳೂದೈತಿ." ಸೀಟಿನ ಮಾತು ಹೇಳಿದಳು. ಆಚೆ ಊರಿನ ಹಾಸ್ಟೆಲ್ಲಿನಲ್ಲಿ ಮಂಚಕ್ಕೊಂದು ಕಿಟಕಿ ಇದೆಯೆಂದು ಹೇಳಿದಳು. ತನಗೆ ಹೆದರಿಕೆಯಾಗುತ್ತಿದೆ, ಆದರೂ ಹೋಗಬೇಕೆನ್ನಿಸುತ್ತದೆ ಎಂದಳು. ನಿನ್ನ ಮನೆ ಮುಗಿದ ದಿನವೇ ಹೊರಟುಬಿಟ್ಟಳು ಎಂದು ಊರವರು ಆಡಿಕೊಂಡಾರು ಎಂದಳು. "ಈ ನಾಕು ದಿನ ನೀ ನನ್ನ ಹಂಗ ನೋಡಾಕತ್ತಿದ್ದಿ, ನನಗ ಉಸಿರು ಕಟ್ಟಿದಂಗ ಆಗಾಕತ್ತಿತ್ತು. ತಪ್ಪು ತಿಳೀಬ್ಯಾಡ. ನನಗ ರೂಢಿ ಇಲ್ಲವಾ."

ಒಂದು ಸೊಳ್ಳೆ ಬಂದು ಅಕ್ಕನ ಮಣಿಕಟ್ಟಿನ ಮೇಲೆ ಕೂತಿತು. ಗಾಳಿಯಿಲ್ಲದ ಸಂಜೆ, ಅದಕ್ಕೆ ಅವಸರವಿರಲಿಲ್ಲ. ನಾನು ಅಭ್ಯಾಸದಿಂದ ಬೀಸಣಿಗೆಗೆ ಕೈ ಚಾಚಿದೆ, ಅದು ಬೂದಿಯಾದದ್ದು ಆಮೇಲೆ ನೆನಪಾಯಿತು. ಅಕ್ಕನ ಒಂದು ಬೆರಳೂ ಕದಲಲಿಲ್ಲ. ತೆರೆದ ಕಣ್ಣುಗಳಲ್ಲಿ ನೀರು ತುಂಬಿ ಒಂದೊಂದೇ ಹನಿ ಗಲ್ಲಕ್ಕೆ ಇಳಿಯತೊಡಗಿತು. ಚಿಕ್ಕಿ ಮಾತು ನಿಲ್ಲಿಸಲಿಲ್ಲ. ಮಾತಾಡುತ್ತಲೇ ಬಗ್ಗಿ ಸೊಳ್ಳೆಯನ್ನು ಅಂಗೈಯಿಂದ ಓಡಿಸಿದಳು. ಮಾತಾಡುತ್ತಲೇ ತನ್ನ ಓಢಣಿಯ ಚುಂಗಿನಿಂದ ತಾಯಿಯ ಗಲ್ಲ ಒರೆಸಿದಳು, ಧೂಳು ಬಿದ್ದಾಗ ಒರೆಸುತ್ತಿದ್ದಂತೆ. ಅವಳಿಗೆ ಗೊತ್ತಾಗಿತ್ತೋ ಇಲ್ಲವೋ ನಾನು ಹೇಳಲಾರೆ. ಗೊತ್ತಿಲ್ಲದವರ ಕೈ ಅಷ್ಟು ನಿಧಾನವಾಗಿ ಒರೆಸುವುದಿಲ್ಲ.

ಸೈರನ್ ಆಯಿತು. ಚಿಕ್ಕಿ ಎಂದಿನಂತೆ ಎದ್ದು ಒಳಗೆ ಹೋದಳು. ಅಕ್ಕ ಎಂದಿನಂತೆ ಮೈಮುರಿದು, ಕಣ್ಣುಜ್ಜಿಕೊಂಡಳು. ಇವತ್ತು ಏನಂದಳು ಎಂದು ಕೇಳುತ್ತಾಳೆ ಎಂದು ನಾನು ಕಾದೆ. ಕೇಳಲಿಲ್ಲ. ಒಳಗಿನಿಂದ ಮಂಚದ ಕೆಳಗೆ ಟ್ರಂಕು ಎಳೆದ ಸದ್ದು ಬಂತು. ಅಕ್ಕ ಮಣಿಕಟ್ಟು ಕೆರೆದುಕೊಂಡು, ದನಿ ತಗ್ಗಿಸಿ ನನಗೆ ಹೇಳಿದಳು:

"ನಾಳೆ ಬರೂ ಮುಂದ ಸಂತಿಯಿಂದ ಒಂದು ಬೀಸಣಿಕಿ ತಗೊಂಡು ಬಾ."